ಫೋರ್ ಎಸ್ ಕ್ಯೂಬ್ ಅನ್ನೋ ತಾಯತ

ಇವತ್ತು ಸ್ವಲ್ಪ ಸಿಟ್ಟಿನಲ್ಲೇ ಬರೆಯುತ್ತಿದ್ದೇನೆ. ಕವಿತೆ, ಪ್ರವಾಸ, ಸಿನಿಮಾ ಅಂತ ಬಂದವರು ಕ್ಷಮಿಸಿ, ಇವತ್ತು ಕೆಮಿಸ್ಟ್ರಿ. ಅದರಲ್ಲೂ ಕೆಎಸ್‌ಪಿ. (ಕರ್ನಾಟಕ ಸ್ಟೇಟ್ ಪೊಲೀಸ್ ಅಲ್ಲ ಸ್ವಾಮಿ, ಗಾಬರಿ ಬೇಡ :) ) ಸಾಲ್ಯುಬಿಲಿಟಿ ಪ್ರಾಡಕ್ಟ್. ನಿಮ್ಮಲ್ಲಿ ಸೈನ್ಸ್ ಓದಿದವರು ಕೂಡ ಪಿಯುಸಿ ಪರೀಕ್ಷೆ ಮುಗಿದ ಸಂಜೆಯೇ ಇದನ್ನು ಮರೆತಿರುತ್ತೀರಿ. ನೆನಪಿದ್ದರೆ ಮೂರೇ ಮೂರು ಪದ ನೆನಪಿರುತ್ತದೆ: ಫೋರ್ ಎಸ್ ಕ್ಯೂಬ್. ನನ್ನ ಜಗಳ ಆ ಮೂರು ಪದಗಳ ಜೊತೆಗೇ.

ನಮ್ಮ ಮೇಲಿನ ಮನೆಯಲ್ಲಿ ಬಿಎಸ್ಸಿ ಮೊದಲ ವರ್ಷದ ಹುಡುಗನೊಬ್ಬನಿದ್ದಾನೆ. ನಾನು ಹೊಟ್ಟೆಪಾಡಿಗೆ ನೀರು ಪರೀಕ್ಷೆ ಮಾಡುವ ಲ್ಯಾಬಿನಲ್ಲಿ ಕೆಲಸ ಮಾಡುವವನು ಅಂತ ಗೊತ್ತಿದ್ದರಿಂದ ಆಗಾಗ ರೆಕಾರ್ಡ್ ಬುಕ್ ಹಿಡಿದು ಬರುತ್ತಾನೆ. ಕಳೆದ ವಾರ ಬಂದಾಗ ಮುಖ ಸಪ್ಪಗಿತ್ತು. ಪ್ರಯೋಗ ಬಹಳ ಸರಳವಾದದ್ದು. ಸುಣ್ಣದ ತಿಳಿನೀರು, ಅಂದರೆ ಕ್ಯಾಲ್ಸಿಯಂ ಹೈಡ್ರಾಕ್ಸೈಡ್ ಇನ್ನು ಕರಗಲಾರದು ಅನ್ನುವಷ್ಟು ಕರಗಿರುವ ನೀರು, 25 ಮಿಲಿಲೀಟರ್ ತೆಗೆದುಕೊಂಡು 0.1 ಮೋಲಾರ್ ಹೈಡ್ರೋಕ್ಲೋರಿಕ್ ಆಮ್ಲದ ಜೊತೆ ಟೈಟ್ರೇಟ್ ಮಾಡಬೇಕು. ಅದರಿಂದ ಕೆಎಸ್‌ಪಿ ಕಂಡುಹಿಡಿಯಬೇಕು. ಇವನಿಗೆ ಬ್ಯೂರೆಟ್ ರೀಡಿಂಗ್ 10.7 ಬಂದಿದೆ. ಮೂರು ಸಲ ಮಾಡಿದರೂ 10.7, 10.6, 10.7. ಅದರ ಸುತ್ತ ಕೆಂಪು ಇಂಕಿನ ಸೊನ್ನೆ, ಪಕ್ಕದಲ್ಲಿ 'ವ್ಯಾಲ್ಯೂ ತಪ್ಪು, ರಿಪೀಟ್' ಅಂತ ಬರಹ. ಪಕ್ಕದ ಟೇಬಲ್ಲಿನ ಗೆಳೆಯ 5.4 ಅಂತ ಬರೆದು ಪೂರ್ತಿ ಮಾರ್ಕ್ಸ್ ತೆಗೆದುಕೊಂಡನಂತೆ. ಅವನಿಗೂ ಬಂದದ್ದು ಹತ್ತೂ ಚಿಲ್ಲರೆಯೇ. ಆದರೆ ಅವನು ಜಾಣ. ಪುಸ್ತಕದ ಕೆಎಸ್‌ಪಿಯಿಂದ ಹಿಂದಕ್ಕೆ ಲೆಕ್ಕ ಹಾಕಿ ಎಷ್ಟು ರೀಡಿಂಗ್ 'ಬರಬೇಕು' ಅಂತ ಕಂಡುಕೊಂಡು ಅದನ್ನೇ ಬರೆದ.

ನನಗೆ ಸಿಟ್ಟು ಬಂದದ್ದು ಇದಕ್ಕೆ. 10.7 ಸರಿ. 5.4 ಸುಳ್ಳು. ಸರಿಯಾಗಿ ಅಳೆದವನಿಗೆ ಕೆಂಪು ಇಂಕು, ಸುಳ್ಳು ಬರೆದವನಿಗೆ ಹತ್ತಕ್ಕೆ ಹತ್ತು! ಆ ಮೇಷ್ಟ್ರು ಕೆಟ್ಟವರು ಅಂತ ನಾನು ಹೇಳುತ್ತಿಲ್ಲ. ಅವರ ಕೊರಳಿಗೂ ಯಾರೋ ಹಿಂದೆ ಫೋರ್ ಎಸ್ ಕ್ಯೂಬ್ ಅನ್ನೋ ತಾಯತ ಕಟ್ಟಿ ಕಳಿಸಿದ್ದಾರೆ, ಅಷ್ಟೇ.

ಕೆಮಿಸ್ಟ್ರಿ ಬಿಟ್ಟು ಬಹಳ ದಿನ ಆದವರಿಗಾಗಿ ಎರಡು ಮಾತು. ಎಲೆ ಅಡಿಕೆಗೆ ಹಾಕುವ ಸುಣ್ಣವನ್ನು ಒಂದು ಚೊಂಬು ನೀರಿಗೆ ಹಾಕಿ ಕದಡಿ ರಾತ್ರಿಯೆಲ್ಲಾ ಮುಚ್ಚಿಡಿ. ಬೆಳಿಗ್ಗೆ ಕೆಳಗೆ ಬಿಳಿ ಗಸಿ, ಮೇಲೆ ತಿಳಿ. ತಿಳಿ ನೋಡಲು ಬರೀ ನೀರಿನಂತಿದ್ದರೂ ಅದರಲ್ಲಿ ಸುಣ್ಣ ಕರಗಿದೆ, 25 ಡಿಗ್ರಿಯಲ್ಲಿ ಲೀಟರಿಗೆ ಸುಮಾರು 1.6 ಗ್ರಾಂ. ಇನ್ನೂ ನಾಲ್ಕು ಚಮಚ ಸುಣ್ಣ ಸುರಿದರೂ ಗಸಿ ಜಾಸ್ತಿಯಾಗುತ್ತದೆ, ತಿಳಿಯಲ್ಲಿರುವ ಸುಣ್ಣ ಜಾಸ್ತಿಯಾಗುವುದಿಲ್ಲ. ಕರಗಿದ ಸುಣ್ಣ ನೀರಿನಲ್ಲಿ ಒಂದು ಕ್ಯಾಲ್ಸಿಯಂ ಅಯಾನು, ಎರಡು ಹೈಡ್ರಾಕ್ಸೈಡ್ ಅಯಾನುಗಳಾಗಿ ಬಿಡಿಬಿಡಿಯಾಗಿರುತ್ತದೆ. ಗಸಿಯ ಜೊತೆ ಸಮತೋಲದಲ್ಲಿರುವಾಗ ಕ್ಯಾಲ್ಸಿಯಂನ ಪ್ರಮಾಣವನ್ನೂ ಹೈಡ್ರಾಕ್ಸೈಡ್‌ನ ಪ್ರಮಾಣದ ವರ್ಗವನ್ನೂ ಗುಣಿಸಿದರೆ ಬರುವ ಸಂಖ್ಯೆ, ಆ ಉಷ್ಣತೆಗೆ, ಬದಲಾಗುವುದಿಲ್ಲ. ಅದೇ ಕೆಎಸ್‌ಪಿ. 1889ರಲ್ಲಿ ಜರ್ಮನಿಯ ವಾಲ್ಟರ್ ನರ್ನ್‌ಸ್ಟ್ ಕೊಟ್ಟ ವಿಚಾರ ಇದು.

ಅಂದ ಹಾಗೆ, ಕನ್ನಡದಲ್ಲಿ ಇದಕ್ಕೆ ವಿಲೀನತಾ ಗುಣಲಬ್ಧ ಅನ್ನುತ್ತಾರೆ. ಪಾರಿಭಾಷಿಕ ಪದ ಅಂದ ಕೂಡಲೇ ಮೂಗು ಮುರಿಯುವವರು ಇಲ್ಲಿ ಸ್ವಲ್ಪ ನಿಲ್ಲಿ. ಇಂಗ್ಲಿಷಿನ 'ಪ್ರಾಡಕ್ಟ್' ಅಂದರೆ ಕ್ರಿಯೆಯಿಂದ ಹುಟ್ಟಿದ ವಸ್ತುವೂ ಹೌದು, ಗುಣಾಕಾರದ ಫಲವೂ ಹೌದು. ಎಷ್ಟೋ ಹುಡುಗರು ಸಾಲ್ಯುಬಿಲಿಟಿ ಪ್ರಾಡಕ್ಟ್ ಅಂದರೆ ಕರಗಿ ಬಂದ ಪದಾರ್ಥ ಅಂದುಕೊಂಡೇ ಪಾಸಾಗುತ್ತಾರೆ. ಗುಣಲಬ್ಧ ಅನ್ನುವ ಪದದಲ್ಲಿ ಆ ಗೊಂದಲವೇ ಇಲ್ಲ. ಗುಣಿಸಿದರೆ ಸಿಕ್ಕಿದ್ದು, ಅಷ್ಟೇ. ಮತ್ತು ಗುಣಿಸುವುದರಲ್ಲೇ ಇಡೀ ಕಥೆ ಇದೆ. ಒಂದು ಏರಿದರೆ ಇನ್ನೊಂದು ಇಳಿಯಬೇಕು, ತಕ್ಕಡಿಯ ಹಾಗೆ. ಇದನ್ನು ಇಲ್ಲೇ ಗಂಟು ಹಾಕಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಈಗ ತಾಯತಕ್ಕೆ ಬರೋಣ. ಲೀಟರಿಗೆ ಎಸ್ ಮೋಲ್ ಸುಣ್ಣ ಕರಗಿತು ಅನ್ನಿ. ಕ್ಯಾಲ್ಸಿಯಂ ಎಸ್, ಹೈಡ್ರಾಕ್ಸೈಡ್ 2ಎಸ್. ಒಂದರಿಂದ ಇನ್ನೊಂದರ ವರ್ಗವನ್ನು ಗುಣಿಸಿದರೆ 4ಎಸ್³. ಲೆಕ್ಕ ಸರಿಯಾಗಿಯೇ ಇದೆ, ಅದರ ಮೇಲೆ ನನಗೇನೂ ದ್ವೇಷವಿಲ್ಲ. ಆದರೆ ಇದು ನಿಲ್ಲುವುದು ಮೂರು ಷರತ್ತುಗಳ ಮೇಲೆ. ನೀರಿನಲ್ಲಿ ಈ ಲವಣ ಬಿಟ್ಟು ಬೇರೇನೂ ಇರಬಾರದು. ಕರಗಿದ್ದೆಲ್ಲಾ ಪೂರ್ತಿ ಬಿಡಿ ಅಯಾನುಗಳಾಗಿರಬೇಕು. ಅಯಾನುಗಳು ಒಂದರ ಗೊಡವೆಗೆ ಇನ್ನೊಂದು ಹೋಗದಷ್ಟು ವಿರಳವಾಗಿರಬೇಕು. ಷರತ್ತುಗಳನ್ನು ಹೇಳದೆ ಸೂತ್ರ ಮಾತ್ರ ಕೊಟ್ಟರೆ ಅದು ತಾಯತವೇ ಅಲ್ವಾ? ಕಟ್ಟಿಕೊಳ್ಳಿ, ಒಳ್ಳೆಯದಾಗುತ್ತೆ, ಒಳಗೇನಿದೆ ಅಂತ ಬಿಚ್ಚಿ ನೋಡಬೇಡಿ.

ಬಿಚ್ಚಿ ನೋಡೋಣ. ಹುಡುಗನ 10.7ರಿಂದ ಹೈಡ್ರಾಕ್ಸೈಡ್ ಲೀಟರಿಗೆ 0.0428 ಮೋಲ್, ಕ್ಯಾಲ್ಸಿಯಂ ಅದರ ಅರ್ಧ, 0.0214. ಗ್ರಾಂಗೆ ತಿರುಗಿಸಿದರೆ ಲೀಟರಿಗೆ 1.59 ಗ್ರಾಂ ಸುಣ್ಣ. ಮೇಲೆ ಹೇಳಿದೆನಲ್ಲ, ಸುಮಾರು 1.6 ಅಂತ? ಹುಡುಗನ ಕೈ ಎಷ್ಟು ಚೊಕ್ಕಟ ನೋಡಿ. ಇದನ್ನು 4ಎಸ್³ಗೆ ಹಾಕಿದರೆ ಬರುವುದು 3.9×10⁻⁵. ಪುಸ್ತಕದ ಹಿಂದಿನ ಕೋಷ್ಟಕದಲ್ಲಿರುವುದು ಸುಮಾರು 5×10⁻⁶. ಎಂಟು ಪಟ್ಟು ವ್ಯತ್ಯಾಸ. ಕೋಷ್ಟಕದ ಸಂಖ್ಯೆಗೆ ಹೊಂದಬೇಕಾದರೆ ಬ್ಯೂರೆಟ್ 5.4ಕ್ಕೆ ನಿಲ್ಲಬೇಕು, ಅಂದರೆ ಸುಣ್ಣ ಲೀಟರಿಗೆ 0.8 ಗ್ರಾಂ ಮಾತ್ರ ಕರಗಬೇಕು. 25 ಡಿಗ್ರಿಯಲ್ಲಿ ಗಸಿಯ ಮೇಲೆ ನಿಂತ ತಿಳಿಯಲ್ಲಿ ಅಷ್ಟು ಕಡಿಮೆ ಇರುವುದಿಲ್ಲ. ಕೆಂಪು ಇಂಕಿಗೆ ಹೆದರಿ ಸುಣ್ಣ ಕಡಿಮೆ ಕರಗುತ್ತದೆಯೇ?

ಹಾಗಾದರೆ ಕೋಷ್ಟಕ ತಪ್ಪೇ? ಅದೂ ಇಲ್ಲ. ತಪ್ಪಿರುವುದು ನಡುವಿನ ಸೇತುವೆ. ಕೋಷ್ಟಕದಲ್ಲಿರುವುದು ಅಯಾನುಗಳ 'ಪರಿಣಾಮಕಾರಿ' ಪ್ರಮಾಣಗಳ ಗುಣಲಬ್ಧ, ಕೆಮಿಸ್ಟ್ರಿಯವರು ಆಕ್ಟಿವಿಟಿ ಅನ್ನುತ್ತಾರಲ್ಲ, ಅದು. ಖಾಲಿ ಮೈದಾನದಲ್ಲಿ ನಡೆಯುವವನೂ ಜಾತ್ರೆಯಲ್ಲಿ ನಡೆಯುವವನೂ ಒಬ್ಬನೇ ಆದರೂ ಜಾತ್ರೆಯಲ್ಲಿ ಅವನ ಕೈಕಾಲು ಅಷ್ಟು ಆಡುವುದಿಲ್ಲ. ಸುಣ್ಣದ ತಿಳಿ ಅಯಾನುಗಳ ಜಾತ್ರೆ. ಪ್ರತಿ ಕ್ಯಾಲ್ಸಿಯಂ ಸುತ್ತ ಹೈಡ್ರಾಕ್ಸೈಡ್‌ಗಳ ಗುಂಪು. 1923ರಲ್ಲಿ ಡಿಬೈ ಮತ್ತು ಹ್ಯೂಕೆಲ್ ಇದಕ್ಕೆ ಲೆಕ್ಕ ಕೊಟ್ಟರು. ಅವರ ದಾರಿಯಲ್ಲಿ ಹೋದ ಸುಧಾರಿತ ಸೂತ್ರ ಹಾಕಿ ನಾನು ಲೆಕ್ಕ ಮಾಡಿದೆ. ಈ ತಿಳಿಯಲ್ಲಿ ಹೈಡ್ರಾಕ್ಸೈಡ್‌ನ ನೂರರಲ್ಲಿ ಸುಮಾರು 80 ಪಾಲು ಲೆಕ್ಕಕ್ಕೆ, ಎರಡು ವಿದ್ಯುದಂಶ ಹೊತ್ತ ಕ್ಯಾಲ್ಸಿಯಂನ ನೂರರಲ್ಲಿ ಸುಮಾರು 42 ಮಾತ್ರ. ಅಲ್ಲಿಗೇ 3.9×10⁻⁵ ಇಳಿದು 1.1×10⁻⁵ ಆಗುತ್ತದೆ. ಉಳಿದದ್ದು? ಕ್ಯಾಲ್ಸಿಯಂಗಳಲ್ಲಿ ಸುಮಾರು ನಾಲ್ಕರಲ್ಲೊಂದು ಪಾಲು ಬಿಡಿಯಾಗಿರದೆ ಒಂದು ಹೈಡ್ರಾಕ್ಸೈಡ್ ಕೈ ಹಿಡಿದುಕೊಂಡೇ ಓಡಾಡುತ್ತಿರುತ್ತದೆ. ಅದನ್ನೂ ಕಳೆದರೆ ಕೋಷ್ಟಕದ ಆಸುಪಾಸಿಗೆ ಬಂದು ಮುಟ್ಟುತ್ತೇವೆ. ಅಂದರೆ ಹುಡುಗನ ಬ್ಯೂರೆಟ್ಟೂ ಸರಿ, ಕೋಷ್ಟಕವೂ ಸರಿ. ತಾಯತ ಮಾತ್ರ ಇಲ್ಲಿ ಕೆಲಸ ಮಾಡುವುದಿಲ್ಲ.

ಇದರ ಜೊತೆಗೆ ಸುಣ್ಣಕ್ಕೆ ಇನ್ನೊಂದು ವಿಚಿತ್ರ ಗುಣ. ಸಕ್ಕರೆ, ಉಪ್ಪಿನ ಹಾಗಲ್ಲ, ನೀರು ಬಿಸಿಯಾದಷ್ಟೂ ಅದು ಕಡಿಮೆ ಕರಗುತ್ತದೆ. ಕೋಷ್ಟಕ 25 ಡಿಗ್ರಿಗೆ. ರಾಯಚೂರಿನ ಏಪ್ರಿಲ್ ತಿಂಗಳ ಲ್ಯಾಬಿಗೂ ಮಡಿಕೇರಿಯ ಜುಲೈ ತಿಂಗಳ ಲ್ಯಾಬಿಗೂ ಒಂದೇ ಉತ್ತರ ಬರಬೇಕು ಅನ್ನುವುದು ಯಾವ ನ್ಯಾಯ? ರೆಕಾರ್ಡಿನಲ್ಲಿ 'ಉಷ್ಣತೆ' ಅಂತ ಒಂದು ಗೆರೆ ಇರುತ್ತದೆ. ಬಹಳ ಜನ ಅದರಲ್ಲಿ 'ರೂಂ ಟೆಂಪರೇಚರ್' ಅಂತ ಬರೆದು ಕೈತೊಳೆದುಕೊಳ್ಳುತ್ತಾರೆ. ಯಾವ ರೂಮು ಮಾರಾಯ್ರೆ?

ತಾಯತಕ್ಕೆ ನ್ಯಾಯ ಒದಗಿಸಬೇಕು ಅಂದರೆ ಅದು ಚೆನ್ನಾಗಿ ನಡೆಯುವ ಜಾಗವನ್ನೂ ಹೇಳಬೇಕು. ಕ್ಯಾಲ್ಸಿಯಂ ಫ್ಲೋರೈಡ್ ತೆಗೆದುಕೊಳ್ಳಿ. ಇದೂ ಒಂದು ಕ್ಯಾಲ್ಸಿಯಂಗೆ ಎರಡು ಜೊತೆಗಾರರಿರುವ ಲವಣವೇ. ಶುದ್ಧ ನೀರಿನಲ್ಲಿ ಲೀಟರಿಗೆ ಬರೀ 16 ಮಿಲಿಗ್ರಾಂ ಕರಗುತ್ತದೆ, ಸುಣ್ಣದ ನೂರರಲ್ಲೊಂದು ಪಾಲು. ಇದರ ಒಂದು ಮೋಲ್ ತೂಕ 78 ಗ್ರಾಂ, ಹಾಗಾಗಿ ಎಸ್ ಅಂದರೆ 2.05×10⁻⁴. ಕ್ಯೂಬ್ ಮಾಡಿ ನಾಲ್ಕರಿಂದ ಗುಣಿಸಿ: 3.45×10⁻¹¹. ಈಗ ಎಲ್ಲರೂ ಬಳಸುವ ಒಳ್ಳೆಯ ಕೋಷ್ಟಕಗಳಲ್ಲಿರುವ ಬೆಲೆಯೂ ಇದೇ. ಇಲ್ಲಿ ಜಾತ್ರೆಯಿಲ್ಲ, ಮೈದಾನ ಖಾಲಿ, ಅದಕ್ಕೇ ಸರಿಹೋಯಿತು.

ತಮಾಷೆ ಅಂದರೆ, ನಮ್ಮ ಹುಡುಗರ ಕೈಗೆ ಸಿಗುವ ಕೆಲವು ಕೋಷ್ಟಕಗಳಲ್ಲಿ ಇದೇ ಕ್ಯಾಲ್ಸಿಯಂ ಫ್ಲೋರೈಡ್‌ಗೆ 5.3×10⁻⁹ ಅಂತ ಇದೆ. ನೂರೈವತ್ತು ಪಟ್ಟು ಹೆಚ್ಚು! ಆ ಬೆಲೆ ನಿಜವಾದರೆ ಲೀಟರಿಗೆ 86 ಮಿಲಿಗ್ರಾಂ ಕರಗಬೇಕಿತ್ತು. 16 ಎಲ್ಲಿ, 86 ಎಲ್ಲಿ. ಒಂದು ತಕ್ಕಡಿ, ಒಂದು ಫಿಲ್ಟರ್ ಪೇಪರ್, ಒಂದು ರಾತ್ರಿ ಇದ್ದರೆ ಇದನ್ನು ಹಿಡಿಯಬಹುದು. ಆದರೆ ಹಿಡಿಯುವವರು ಯಾರು? ರೀಡಿಂಗ್ ಕೋಷ್ಟಕಕ್ಕೆ ಹೊಂದದಿದ್ದರೆ ರೀಡಿಂಗನ್ನೇ ತಿದ್ದು ಅಂತ ಕಲಿಸಿದ ಮೇಲೆ ಕೋಷ್ಟಕವನ್ನು ಅನುಮಾನಿಸುವ ಹುಡುಗ ಎಲ್ಲಿಂದ ಬರಬೇಕು?

ಈ ಮಾತು ಎತ್ತಿದಾಗಲೆಲ್ಲಾ ನನಗೆ ಸಿಗುವ ಉತ್ತರ ಒಂದೇ. "ಸಾರ್, ಇದೆಲ್ಲಾ ಹೇಳಿದ್ರೆ ಮಕ್ಕಳಿಗೆ ಕನ್‌ಫ್ಯೂಸ್ ಆಗುತ್ತೆ. ಸಿಇಟಿಯಲ್ಲಿ 60 ಪ್ರಶ್ನೆ, 80 ನಿಮಿಷ." ಒಪ್ಪಿದೆ. ಒಂದು ಪ್ರಶ್ನೆಗೆ 80 ಸೆಕೆಂಡ್ ಇರುವವನಿಗೆ ಡಿಬೈ ಹ್ಯೂಕೆಲ್ ಹೇಳಿಕೊಂಡು ಕೂರಲು ಆಗುವುದಿಲ್ಲ. ಆದರೆ ಲ್ಯಾಬಿನಲ್ಲಿ ಮೂರು ಗಂಟೆ ಇರುತ್ತದಲ್ಲ? ಅಲ್ಲಿ ಯಾವ ಸಿಇಟಿ ಅಡ್ಡ ಬಂತು? 'ನಿನ್ನ ಉತ್ತರ ಪುಸ್ತಕಕ್ಕಿಂತ ಎಂಟು ಪಟ್ಟು ಹೆಚ್ಚಿದೆ, ಯಾಕಿರಬಹುದು, ನಾಲ್ಕು ಸಾಲು ಬರಿ' ಅಂತ ಕೇಳಲು ಎಷ್ಟು ಸಮಯ ಬೇಕು? ಕನ್‌ಫ್ಯೂಸ್ ಆಗಲಿ ಬಿಡಿ, ಕಣ್ಣೆದುರಿನ ಅಳತೆಗೂ ಪುಸ್ತಕಕ್ಕೂ ತಾಳೆಯಾಗದಿದ್ದರೆ ಕನ್‌ಫ್ಯೂಸ್ ಆಗಬೇಕಾದದ್ದೇ. ಆಗದಿದ್ದರೆ ಆ ಹುಡುಗನಿಗೆ ಏನೋ ತೊಂದರೆ ಇದೆ.

'ಅಯ್ಯೋ ಯಾವುದೋ ಲ್ಯಾಬಿನ ರೆಕಾರ್ಡು, ಇಷ್ಟೊಂದು ರಾಮಾಯಣ ಯಾಕೆ' ಅನ್ನುವವರಿಗಾಗಿ ಈಗ ಲ್ಯಾಬಿನಿಂದ ಹೊರಗೆ ಹೋಗೋಣ. ಅದೇ ಕ್ಯಾಲ್ಸಿಯಂ ಫ್ಲೋರೈಡ್ ಹಿಡಿದುಕೊಂಡು ನಮ್ಮ ಬಯಲುಸೀಮೆಗೆ ಬನ್ನಿ.

ಪಾವಗಡ, ಬಾಗೇಪಲ್ಲಿ, ಮುಂಡರಗಿ ಕಡೆಯ ಹಳ್ಳಿಗಳಲ್ಲಿ ಹಲ್ಲಿನ ಮೇಲೆ ಕಂದು ಪಟ್ಟೆ ಇರುವ ಮಕ್ಕಳನ್ನು ನೀವು ನೋಡಿರಬಹುದು. ಹಲ್ಲುಜ್ಜದೆ ಆದದ್ದಲ್ಲ ಅದು. ಕುಡಿಯುವ ನೀರಿನ ಫ್ಲೋರೈಡ್. ವರ್ಷಗಟ್ಟಲೆ ಹೆಚ್ಚು ಪ್ರಮಾಣದಲ್ಲಿ ಕುಡಿದರೆ ಹಲ್ಲಿಗೆ ನಿಲ್ಲದೆ ಮೂಳೆಗೂ ಬರುತ್ತದೆ. ಕೀಲುಗಳು ಬಿಗಿಯುತ್ತವೆ, ಬೆನ್ನು ಬಾಗುತ್ತದೆ. ಭಾರತದಲ್ಲಿ ಇದು ವೈದ್ಯಕೀಯ ದಾಖಲೆಗೆ ಬಂದದ್ದು 1937ರಲ್ಲಿ, ಆಗಿನ ಮದ್ರಾಸ್ ಪ್ರಾಂತ್ಯದ ನೆಲ್ಲೂರು ಸೀಮೆಯಿಂದ. ನಮ್ಮಲ್ಲಿ ಕೋಲಾರ, ಚಿಕ್ಕಬಳ್ಳಾಪುರ, ತುಮಕೂರು, ಚಿತ್ರದುರ್ಗ, ಬಳ್ಳಾರಿ, ಕೊಪ್ಪಳ, ರಾಯಚೂರು, ಗದಗ ಜಿಲ್ಲೆಗಳ ಕೊಳವೆ ಬಾವಿಗಳಲ್ಲಿ ಇದರ ಕಾಟ ಇದೆ. ಬಿಐಎಸ್‌ನ 2012ರ ಮಾನಕದ ಪ್ರಕಾರ ಲೀಟರಿಗೆ 1 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಇಲ್ಲದಿದ್ದರೆ 1.5ರ ತನಕ ಪರವಾಗಿಲ್ಲ.

ಆ ಫ್ಲೋರೈಡ್ ಎಲ್ಲಿಂದ ಬರುತ್ತದೆ? ನಮ್ಮ ಕಾಲ ಕೆಳಗಿನ ಗ್ರಾನೈಟ್, ನೈಸ್ ಬಂಡೆಗಳಿಂದ. ಅದರಲ್ಲಿರುವ ಫ್ಲೋರೈಟ್, ಅಪಟೈಟ್, ಬಯೋಟೈಟ್‌ನಂಥ ಖನಿಜಗಳಿಂದ. ಎಷ್ಟು ಬರಬಹುದು ಅನ್ನುವುದಕ್ಕೆ ಲಗಾಮು ಹಾಕುವುದು ಬಹುಪಾಲು ಕ್ಯಾಲ್ಸಿಯಂ ಫ್ಲೋರೈಡ್‌ನ ಗುಣಲಬ್ಧ. ಇಲ್ಲಿ ತಾಯತ ಕಟ್ಟಿಕೊಂಡವರು ಏನು ಮಾಡುತ್ತಾರೆ ಗೊತ್ತಾ? 'ಕ್ಯಾಲ್ಸಿಯಂ ಫ್ಲೋರೈಡ್ ಕರಗುವುದೇ 16 ಮಿಲಿಗ್ರಾಂ, ಅದರಲ್ಲಿ ಫ್ಲೋರೈಡ್ 7.8 ಮಿಲಿಗ್ರಾಂ, ಹಾಗಾಗಿ ಯಾವ ನೀರಿನಲ್ಲೂ ಅದಕ್ಕಿಂತ ಜಾಸ್ತಿ ಇರಲಾರದು' ಅನ್ನುತ್ತಾರೆ. ಓದಿಕೊಂಡವರ ಬಾಯಲ್ಲೇ ನಾನು ಇದನ್ನು ಕೇಳಿದ್ದೇನೆ. ಕೊಳವೆ ಬಾವಿಯ ನೀರಿಗೂ ಬೀಕರಿನ ಡಿಸ್ಟಿಲ್ಡ್ ವಾಟರಿಗೂ ಏನು ಸಂಬಂಧ? ಬಾವಿಯಲ್ಲಿ ಕ್ಯಾಲ್ಸಿಯಂ ಬರುವ ದಾರಿ ಬೇರೆ, ಫ್ಲೋರೈಡ್ ಬರುವ ದಾರಿ ಬೇರೆ. ಒಂದಕ್ಕೆ ಎರಡು ಅನ್ನುವ ಹಿಡಿತವೇ ಅಲ್ಲಿಲ್ಲ. ಎಸ್ ಅನ್ನುವ ಅಕ್ಷರಕ್ಕೆ ಅಲ್ಲಿ ಅರ್ಥವೇ ಇಲ್ಲ. ಗುಣಲಬ್ಧಕ್ಕೆ ಮಾತ್ರ ಅರ್ಥ ಇದೆ.

ಗಂಟು ಹಾಕಿಟ್ಟುಕೊಂಡಿದ್ದನ್ನು ಈಗ ಬಿಚ್ಚಿ. ಲೀಟರಿಗೆ 100 ಮಿಲಿಗ್ರಾಂ ಕ್ಯಾಲ್ಸಿಯಂ ಇರುವ ನೀರಿನಲ್ಲಿ ಫ್ಲೋರೈಡ್ ಹೆಚ್ಚೆಂದರೆ 2.2 ಮಿಲಿಗ್ರಾಂ ನಿಲ್ಲಬಹುದು, ಮಿಕ್ಕಿದ್ದು ಕ್ಯಾಲ್ಸಿಯಂ ಜೊತೆ ಸೇರಿ ಗಸಿಯಾಗಬೇಕು. ಕ್ಯಾಲ್ಸಿಯಂ 40 ಇದ್ದರೆ 3.5. ಕ್ಯಾಲ್ಸಿಯಂ 20ಕ್ಕೆ ಇಳಿದರೆ 5. ಹತ್ತಕ್ಕೆ ಇಳಿದರೆ 7. ಐದಕ್ಕೆ ಇಳಿದರೆ 10! ಎಲ್ಲಿ ಹೋಯಿತು ನಿಮ್ಮ 7.8ರ ಗೋಡೆ? (ಇದು ಬರೀ ಪ್ರಮಾಣಗಳ ಲೆಕ್ಕ. ನೀರಿನಲ್ಲಿ ಬೇರೆ ಲವಣಗಳ ಜಾತ್ರೆ ಇದ್ದರೆ ಸಂಖ್ಯೆಗಳು ಇನ್ನೂ ಸ್ವಲ್ಪ ಮೇಲೇರುತ್ತವೆ, ಕೆಳಗಿಳಿಯುವುದಿಲ್ಲ.)

ಈಗ ಹಳ್ಳಿಯ ನೀರಿನ ಮಾತು ನೆನಪು ಮಾಡಿಕೊಳ್ಳಿ. ಹೊಸ ಬೋರ್ ಹಾಕಿಸಿದಾಗ ಹೆಂಗಸರು ಮೊದಲು ನೋಡುವುದೇನು? ಬೇಳೆ ಬೇಯುತ್ತದೆಯೇ, ಸೋಪು ನೊರೆ ಬರುತ್ತದೆಯೇ, ಪಾತ್ರೆಯ ತಳಕ್ಕೆ ಬಿಳಿ ಕಟ್ಟುತ್ತದೆಯೇ. ಗಡಸು ನೀರಾದರೆ ಬೇಳೆ ಬೇಯುವುದಿಲ್ಲ, ಯಾಕೆಂದರೆ ಕ್ಯಾಲ್ಸಿಯಂ, ಮೆಗ್ನೀಸಿಯಂ ಜಾಸ್ತಿ. ಮೆದು ನೀರಾದರೆ 'ಸಿಹಿ ನೀರು' ಅಂತ ಹೆಸರು, ನಾಲ್ಕು ಬೀದಿಯವರು ಕೊಡ ಹಿಡಿದು ಬರುತ್ತಾರೆ. ಮೆದು ಅಂದರೆ ಕ್ಯಾಲ್ಸಿಯಂ ಕಡಿಮೆ. ಕ್ಯಾಲ್ಸಿಯಂ ಕಡಿಮೆ ಅಂದರೆ ಫ್ಲೋರೈಡ್‌ಗೆ ಲಗಾಮಿಲ್ಲ! ಬಂಡೆಯಲ್ಲಿ ಫ್ಲೋರೈಡ್ ಇರುವ ಸೀಮೆಯಲ್ಲಿ ಬೇಳೆ ಚೆನ್ನಾಗಿ ಬೇಯಿಸುವ ಬೋರಿನ ನೀರನ್ನು ನಾನು ಮೊದಲು ಅನುಮಾನದಿಂದ ನೋಡುತ್ತೇನೆ. (ಮಲೆನಾಡಿನವರು ಹೆದರಬೇಡಿ. ಮಳೆ ನೀರು ಈಗಷ್ಟೇ ಇಳಿದು ಬಂದ ನಿಮ್ಮ ಬಾವಿಯೂ ಮೆದುವೇ, ಆದರೆ ಅಲ್ಲಿ ಬಂಡೆಯ ಜೊತೆ ನೀರಿಗೆ ಅಷ್ಟು ದೀರ್ಘ ಸಹವಾಸ ಇರುವುದಿಲ್ಲ.) ಆಳದ ಬೋರಿನಲ್ಲಿ ನೀರು ವರ್ಷಗಟ್ಟಲೆ ಬಂಡೆಯ ಸಂದಿಯಲ್ಲಿ ಕೂತಿರುತ್ತದೆ. ಸೋಡಿಯಂ, ಬೈಕಾರ್ಬೊನೇಟ್ ಹೆಚ್ಚುತ್ತಾ ಹೋದ ಹಾಗೆ ಕ್ಯಾಲ್ಸಿಯಂ ಕಾರ್ಬೊನೇಟ್ ಆಗಿ ಗಸಿಗಟ್ಟುತ್ತದೆ. ಅದಕ್ಕೂ ಒಂದು ಗುಣಲಬ್ಧ ಇದೆಯಲ್ಲ, 3.4×10⁻⁹. ಒಂದೇ ಕ್ಯಾಲ್ಸಿಯಂಗೆ ಕಾರ್ಬೊನೇಟೂ ಫ್ಲೋರೈಡೂ ಕಿತ್ತಾಡುತ್ತವೆ, ಕಾರ್ಬೊನೇಟ್ ಗೆದ್ದುಕೊಂಡು ಹೋದಷ್ಟೂ ಫ್ಲೋರೈಡ್ ನೀರಿನಲ್ಲಿ ಸ್ವತಂತ್ರವಾಗಿ ಉಳಿಯುತ್ತದೆ.

ಹಾಗಾದರೆ ಸುಣ್ಣ ಹಾಕಿದರೆ ಆಯಿತಲ್ಲ ಅಂತ ಜಾಣರು ಕೇಳುತ್ತಾರೆ. ಒಳ್ಳೆಯ ಪ್ರಶ್ನೆ. ಉತ್ತರವೂ ಅದೇ ಗುಣಲಬ್ಧದಲ್ಲಿದೆ. ಫ್ಲೋರೈಡ್ 1.5ಕ್ಕೆ ಇಳಿಯಬೇಕಾದರೆ ನೀರಿನಲ್ಲಿ ಕ್ಯಾಲ್ಸಿಯಂ ಎಷ್ಟಿರಬೇಕು? ಲೆಕ್ಕ ಹಾಕಿದರೆ ಲೀಟರಿಗೆ ಸುಮಾರು 220 ಮಿಲಿಗ್ರಾಂ. ಕುಡಿಯುವ ನೀರಿನಲ್ಲಿ ಕ್ಯಾಲ್ಸಿಯಂಗೆ ಇರುವ ಕೊನೆಯ ಮಿತಿಯೇ 200. ಬರೀ ಸುಣ್ಣದಿಂದ ಆಗುವ ಕೆಲಸ ಅಲ್ಲ. ಅದಕ್ಕೇ ನಾಗಪುರದ ನೀರಿ ಸಂಸ್ಥೆ ರೂಪಿಸಿದ ನಲ್ಗೊಂಡ ವಿಧಾನದಲ್ಲಿ ಸುಣ್ಣದ ಜೊತೆ ಪಟಿಕ ಬಂತು. ಅಲ್ಲಿ ಫ್ಲೋರೈಡನ್ನು ಹಿಡಿದು ಕೆಳಗಿಳಿಸುವುದು ಪಟಿಕದಿಂದ ಹುಟ್ಟುವ ಅಲ್ಯೂಮಿನಿಯಂ ಹೈಡ್ರಾಕ್ಸೈಡ್‌ನ ಮೆತ್ತನೆಯ ಗಸಿ. ಟ್ಯಾಂಕಿಗೆ ಸುಣ್ಣದ ಕಲ್ಲು ಇಳಿಬಿಟ್ಟರೆ ಫ್ಲೋರೈಡ್ ಹೋಗುತ್ತೆ ಅಂತ ಯಾರಾದರೂ ಮಾರಲು ಬಂದರೆ ಅವರ ಕೈಗೆ ಈ 220ರ ಲೆಕ್ಕ ಕೊಡಿ.

ನೋಡಿ, ಇಷ್ಟೆಲ್ಲಾ ಹೇಳಲು ನಾನು ಬಳಸಿದ್ದು ಪಿಯುಸಿಯ ಗಣಿತ. ಒಂದು ಗುಣಾಕಾರ, ಒಂದು ಭಾಗಾಕಾರ, ಒಂದು ವರ್ಗಮೂಲ. ಪಾವಗಡದ ಯಾವುದೋ ಪಿಯು ಕಾಲೇಜಿನ ಬೆಂಚಿನಲ್ಲಿ ಕೂತು, ನಗುವಾಗ ಬಾಯಿಗೆ ಕೈ ಅಡ್ಡ ಹಿಡಿಯುವ ಹುಡುಗಿಯೊಬ್ಬಳು ಕ್ಯಾಲ್ಸಿಯಂ ಫ್ಲೋರೈಡ್‌ನ ಕೆಎಸ್‌ಪಿ ಕೊಟ್ಟು ಎಸ್ ಕಂಡುಹಿಡಿ ಅನ್ನುವ ಲೆಕ್ಕವನ್ನು ಎಂಬತ್ತು ಸೆಕೆಂಡಿನಲ್ಲಿ ಮಾಡಿ ಮುಗಿಸುತ್ತಾಳೆ. ಆ ಲವಣ ತನ್ನ ಮನೆಯ ಕೊಡದಲ್ಲಿದೆ ಅಂತ ಅವಳಿಗೆ ಯಾರೂ ಹೇಳಿರುವುದಿಲ್ಲ. ನನ್ನನ್ನು ಕೇಳಿದರೆ ಸಿಲಬಸ್ಸಿಗೆ ಹೊಸದೇನೂ ಸೇರಿಸುವುದು ಬೇಡ, ಈಗ ಇರುವ ಲೆಕ್ಕದಿಂದ ಎಸ್ ತೆಗೆದುಹಾಕಿ ಎರಡು ಅಯಾನುಗಳನ್ನು ಬೇರೆ ಬೇರೆ ಕೊಟ್ಟರೆ ಸಾಕು. ಲ್ಯಾಬಿನಲ್ಲಿ ಮಾರ್ಕ್ಸ್ ಮೂರು ರೀಡಿಂಗ್ ಒಂದಕ್ಕೊಂದು ಹೊಂದಿದ್ದಕ್ಕೆ ಕೊಡಿ, ಥರ್ಮಾಮೀಟರ್ ನೋಡಿ ಉಷ್ಣತೆ ಬರೆದದ್ದಕ್ಕೆ ಕೊಡಿ, ಉತ್ತರ ಯಾಕೆ ಬೇರೆ ಬಂತು ಅಂತ ಬರೆದದ್ದಕ್ಕೆ ಕೊಡಿ. ಕೋಷ್ಟಕ ನಕಲು ಮಾಡಿದ್ದಕ್ಕೆ ಒಂದು ಕಾಸೂ ಬೇಡ.

ಪ್ರಶ್ನೆ ಹೇಗಿರಬೇಕು ಅಂತ ಕೇಳುವ ಮೇಷ್ಟ್ರುಗಳಿಗೆ ಒಂದು ಮಾದರಿ, ಬೇಕಾದರೆ ಹಾಗೇ ತೆಗೆದುಕೊಂಡು ಹೋಗಿ. ಒಂದು ಬೋರಿನ ನೀರಿನಲ್ಲಿ ಲೀಟರಿಗೆ 20 ಮಿಲಿಗ್ರಾಂ ಕ್ಯಾಲ್ಸಿಯಂ, 3 ಮಿಲಿಗ್ರಾಂ ಫ್ಲೋರೈಡ್ ಇದೆ. ಮನೆಯವರು ಫ್ಲೋರೈಡ್ ಹೋಗಲಿ ಅಂತ ಅದನ್ನು ಅರ್ಧಕ್ಕೆ ಬತ್ತುವ ತನಕ ಕುದಿಸುತ್ತಾರೆ. ಕ್ಯಾಲ್ಸಿಯಂ ಕಾರ್ಬೊನೇಟಾಗಿ ಪಾತ್ರೆಯ ತಳಕ್ಕೆ ಅಂಟಿ, ತಣ್ಣಗಾದ ಮೇಲೆ ನೀರಿನಲ್ಲಿ ಲೀಟರಿಗೆ 5 ಮಿಲಿಗ್ರಾಂ ಉಳಿದಿದೆ. ಫ್ಲೋರೈಡ್ ಏನಾಯಿತು?

ಲೆಕ್ಕ ಹಾಕಿ ನೋಡಿ. ಕುದಿಸುವ ಮೊದಲು ಗುಣಲಬ್ಧ 1.25×10⁻¹¹. ಕುದಿಸಿದ ಮೇಲೆ ಕ್ಯಾಲ್ಸಿಯಂ ಕಾಲು ಭಾಗವಾಯಿತು, ನೀರು ಅರ್ಧವಾದ್ದರಿಂದ ಫ್ಲೋರೈಡ್ ಎರಡು ಪಟ್ಟಾಗಿ ಅದರ ವರ್ಗ ನಾಲ್ಕು ಪಟ್ಟಾಯಿತು. ಗುಣಲಬ್ಧ ಮತ್ತೆ ಅದೇ 1.25×10⁻¹¹, ಕೆಎಸ್‌ಪಿಯ 3.45×10⁻¹¹ಕ್ಕಿಂತ ಕೆಳಗೇ. ಒಂದು ಕಣ ಕ್ಯಾಲ್ಸಿಯಂ ಫ್ಲೋರೈಡೂ ಗಸಿಯಾಗಲಿಲ್ಲ. ಮೂರು ಮಿಲಿಗ್ರಾಂ ಇದ್ದದ್ದು ಈಗ ಆರು, ಅದನ್ನೇ ಆರಿಸಿ, ಸೋಸಿ, ಮಗುವಿಗೆ ಕುಡಿಸುತ್ತಿದ್ದಾರೆ.